ಬೆಂಡಲ್ಲ, ಹಲಗೆ

ಹಿರಿಯೂರು
೧೮-೧೧-೨೦೦೭, ಭಾನುವಾರ

ಚಿರಂಜೀವಿ ರಮ್ಯಾಳಿಗೆ,

ಮಹಾಜನಗಳೇ, ಊಟ ಮುಗಿಸಿ ಸಾಲಾಗಿ ಕೂತಿರುವ ಹುಡುಗಿಯರೇ, ಅಡುಗೆಮನೆಯ ಬಾಗಿಲಿಗೆ ಒರಗಿ ನಿಂತ ಅಕ್ಕಂದಿರೇ, ಹಿಂದಿನ ಸಾಲಿನಲ್ಲಿ ಆಗಲೇ ಆಕಳಿಸಲು ಶುರು ಮಾಡಿರುವವರೇ, ಎಲ್ಲರಿಗೂ ಹಿರಿಯೂರಿನಿಂದ ಕೈಮುಗಿದ ನಮಸ್ಕಾರ. ಗದ್ದಲ ನಿಲ್ಲಲಿ. ತಟ್ಟೆ ತೊಳೆಯುವವರು ಸ್ವಲ್ಪ ಮೆತ್ತಗೆ ತೊಳೆಯಲಿ. ಪರದೆ ಸರಿಯಲಿ.

ನಗಬೇಡ ರಮ್ಯಾ. ನನ್ನ ಕಾಗದ ಬಂದರೆ ನೀನು ಒಬ್ಬಳೇ ಓದಿಕೊಳ್ಳುವುದಿಲ್ಲ, ನಿನ್ನ ಕೈಕೆಳಗೆ ಕಲಿಯುವ ಹುಡುಗಿಯರನ್ನೆಲ್ಲ ಊಟದ ಹಾಲಿನಲ್ಲಿ ಕೂರಿಸಿ ಗಟ್ಟಿಯಾಗಿ ಓದುತ್ತೀಯಂತೆ. ನಿಮ್ಮಪ್ಪ ಕೆಂಚಣ್ಣ ಸಂತೆಯಲ್ಲಿ ಸಿಕ್ಕಿದ್ದಾಗ ಹೇಳಿದ. ಜನ ಕೂತಿದ್ದಾರೆ ಎಂದು ಗೊತ್ತಾದ ಮೇಲೆ ಅವರಿಗೆ ನಮಸ್ಕಾರ ಹೇಳದೆ ಮಾತು ತೆಗೆಯಲು ನನ್ನ ನಾಲಗೆ ಒಪ್ಪುವುದಿಲ್ಲ. ಮೂವತ್ತೆಂಟು ವರ್ಷ ನಾಟಕದ ಪರದೆಯ ಮುಂದೆ ನಿಂತ ನಾಲಗೆ ಅದು. ಇನ್ನು ಮುಂದಿನ ಮಾತೆಲ್ಲ ನಿನ್ನ ಜೊತೆಗೆ. ಅವರು ಕೇಳಿಸಿಕೊಳ್ಳಲಿ.

ನಿನ್ನ ಕಾರ್ಡು ಬಂದು ಹನ್ನೆರಡು ದಿನವಾಯಿತು. ಸಮುದ್ರದ ದಂಡೆಯ ನಿಮ್ಮ ಜಲಕ್ರೀಡಾ ಶಾಲೆಯಲ್ಲಿ ಹುಡುಗಿಯರಿಗೆಂದು ಕನ್ನಡದ ಕೈಪಿಡಿ ಮಾಡುತ್ತಿದ್ದಾರೆ, ಅದರ ಕೊನೆಯ ಪದಪಟ್ಟಿ ಬರೆಯುವ ಕೆಲಸ ನಿನಗೆ ಬಂದಿದೆ. ಸರ್ಫ್‌ಬೋರ್ಡಿನ ಹತ್ತಿರ ಬಂದು ನಿನ್ನ ಪೆನ್ನು ನಿಂತಿದೆ. "ಮೇಷ್ಟ್ರೇ, ಇದಕ್ಕೆ ಯಾವ ಪದ ಬರೀಲಿ? ಅರ್ಥ, ಬಳಕೆ ಎರಡೂ ಬೇಕು. ಬೆಂಡು ಅಂತ ಬರೆದ್ರೆ ಸಿಟ್ಟಾಗ್ತೀರಾ?" ಎಂದು ಕೇಳಿದ್ದೀಯ. ಕಾರ್ಡಿನಲ್ಲಿ ಮೂರು ಸಾಲು. ಉತ್ತರ ಮೂರು ಸಾಲಿನಲ್ಲಿ ಮುಗಿಯುವುದಲ್ಲ.

ಹುಡುಗಿಯರಿಗೆ ಗೊತ್ತಿರಲಿಕ್ಕಿಲ್ಲ, ನೀನಿನ್ನೂ ಹಟ್ಟಿಯಲ್ಲಿದ್ದಾಗ ನಾನು ಹಿರಿಯೂರಿನ ಒಂದು ಸಣ್ಣ ಪ್ರೆಸ್ಸಿನಲ್ಲಿ ಅಚ್ಚಿನ ಮೊಳೆ ಜೋಡಿಸುತ್ತಿದ್ದೆ. ಹಗಲು ಸೀಸದ ಅಕ್ಷರ, ಸಂಜೆ ನಾಟಕದ ತಾಲೀಮು, ಅದರಿಂದಲೇ ಮೇಷ್ಟ್ರು ಎಂಬ ಹೆಸರು. ಧರ್ಮಪುರದಿಂದ ಹೊಳಲ್ಕೆರೆಯವರೆಗೆ ಯಾವ ಊರಿನಲ್ಲಿ ನಾಟಕವಾದರೂ ಕರಪತ್ರ ಬರೆಯುವವನೂ ನಾನೇ, ಅಚ್ಚು ಹಾಕುವವನೂ ನಾನೇ, ಜೀಪಿನಲ್ಲಿ ಕೂತು ಮೈಕಿನಲ್ಲಿ ಕೂಗುವವನೂ ನಾನೇ. ರಂಗದ ಮೇಲೆ ರಾಕ್ಷಸನ ಪಾರ್ಟು. ನಾನು ಅಬ್ಬರಿಸಿದರೆ ಮುಂದಿನ ಸಾಲಿನ ಮಕ್ಕಳು ತಾಯಂದಿರ ಸೆರಗಿನೊಳಗೆ ಹೋಗುತ್ತಿದ್ದವು. ಇದನ್ನು ಹೆಮ್ಮೆಗೇ ಹೇಳುತ್ತಿದ್ದೇನೆ.

೧೯೯೯ರ ನವೆಂಬರಿನಲ್ಲಿ ಒಂದು ಇಂಗ್ಲಿಷ್ ಸುತ್ತೋಲೆ ನಮ್ಮ ಪ್ರೆಸ್ಸಿಗೆ ಬಂತು. ಮಾರಿಕಣಿವೆ ಅಣೆಕಟ್ಟಿನ ಹಿನ್ನೀರಿನಲ್ಲಿ ಜಲಕ್ರೀಡೆಯ ಶಿಬಿರ ನಡೆಯುತ್ತದೆ, ಅಲ್ಲಿ ಪರೀಕ್ಷೆ ಮಾಡಿ ಜಿಲ್ಲೆಯ ಮೂವರು ಹುಡುಗಿಯರನ್ನು ಸಮುದ್ರದ ದಂಡೆಯ ಶಾಲೆಗೆ ಆರಿಸುತ್ತಾರೆ, ಹಾಸ್ಟೆಲು ಊಟ ಅವರದೇ, ಜೊತೆಗೆ ಹೈಸ್ಕೂಲು ಓದು. ಇದನ್ನು ಕನ್ನಡ ಮಾಡಿ ಐನೂರು ಕರಪತ್ರ ಹಾಕಿಕೊಡಬೇಕಿತ್ತು. ಎಲ್ಲ ಸಲೀಸಾಗಿ ಬಂತು. ಸರ್ಫ್‌ಬೋರ್ಡ್ ಎಂಬ ಒಂದು ಪದ ಮಾತ್ರ ಗಂಟಲಿಗೆ ಸಿಕ್ಕಿಕೊಂಡಿತು.

ಹಲಗೆ ಎಂದು ಬರೆದರೆ ಆಗುತ್ತಿತ್ತು. ಪ್ರೆಸ್ಸಿನ ಮಾಲೀಕರೂ "ಹಲಗೆ ಅಂತ ಹಾಕಿ ಮುಗ್ಸಯ್ಯ" ಅಂದರು. ನನಗೆ ಸಪ್ಪೆ ಎನಿಸಿತು. ಅಂಗಡಿ ಬಾಗಿಲಿಗೆ ಹಾಕುವುದು ಹಲಗೆ, ಸ್ಕೂಲಿನಲ್ಲಿ ಲೆಕ್ಕ ಬಿಡಿಸುವುದು ಕರಿ ಹಲಗೆ, ನಾವು ಕುಣಿಯುವ ಅಟ್ಟಕ್ಕೆ ಹಾಸುವುದೂ ಹಲಗೆ. ಇಂಥ ಪದಕ್ಕೆ ಜನ ಎದ್ದು ಬರುತ್ತಾರೆಯೇ? ಸೈಕಲ್ ಹತ್ತಿ ನೇರ ಹಿನ್ನೀರಿನ ದಂಡೆಯ ನಿಮ್ಮ ಹಟ್ಟಿಗೆ ಬಂದೆ. ನಿಮ್ಮಜ್ಜಿ ಬೊಮ್ಮಕ್ಕ ಜಗಲಿಯ ಮೇಲೆ ಕತ್ತಾಳೆ ನಾರು ಹೊಸೆಯುತ್ತಾ ಕೂತಿದ್ದಳು. ನಾನು ಕೇಳಿದೆ: ನೀರಿನ ಮೇಲೆ ತೇಲುತ್ತದೆ, ಮನುಷ್ಯ ಅದರ ಮೇಲೆ ಬೋರಲು ಮಲಗಿ ಕೈಯಲ್ಲೇ ನೀರು ತಳ್ಳಿಕೊಂಡು ಹೋಗುತ್ತಾನೆ, ಅದಕ್ಕೆ ಏನನ್ನುತ್ತೀರಿ?

"ಅದ್ರಾಗೇನೈತೆ ಕೇಳಾದು. ಬೆಂಡು ಅಂತೀವಿ."

"ಅದರ ಮ್ಯಾಲೆ ನಿಂತ್ಕಂತಾರಂತೆ ಬೊಮ್ಮಕ್ಕ."

"ನಮ್ ರಮ್ಯಾನೂ ನಿಂತ್ಕಂತಾಳೆ. ಬ್ಯಾಡ ಅಂದ್ರೆ ಕೇಳ್ಬೇಕಲ್ಲ. ಕುಂತ್ಕ, ಕಾಫಿ ಕುಡ್ಕಂಡು ಹೋಗುವಂತೆ."

ನಾನು ಕೂರಲಿಲ್ಲ. ಪದ ಸಿಕ್ಕಿತಲ್ಲ, ಇನ್ನೇನು ಬೇಕು. ಕೂತಿದ್ದರೆ, ಕಾಫಿ ಕುದಿಯುವಷ್ಟು ಹೊತ್ತಿನಲ್ಲಿ ಉಳಿದದ್ದನ್ನೂ ಹೇಳುತ್ತಿದ್ದಳು. ಹಿಂತಿರುಗಿ ಬಂದವನೇ ನಮ್ಮ ಪ್ರೆಸ್ಸಿನಲ್ಲಿದ್ದ ಅತ್ಯಂತ ದಪ್ಪ ಮೊಳೆಗಳನ್ನು ಹುಡುಕಿ ತೆಗೆದು "ಬೆಂಡಿನ ಪಂದ್ಯ, ಬೆಂಡಿನ ಪರೀಕ್ಷೆ, ಬೆಂಡೇರಿ ಬನ್ನಿರಿ ಹೆಣ್ಣುಮಕ್ಕಳೇ" ಎಂದು ಜೋಡಿಸಿದೆ. ಚಿತ್ರದುರ್ಗದ ಕಾಲೇಜಿನಲ್ಲಿ ಕನ್ನಡ ಹೇಳುತ್ತಿದ್ದ ಏಕಾಂತಮ್ಮ ಮೇಡಂ ಜಿಲ್ಲೆಯ ಊರೂರಿನ ಪದಗಳನ್ನು ಕೂಡಿಸಿ ಪುಸ್ತಕ ಮಾಡುತ್ತಿದ್ದರು. ಅವರಿಗೂ ಒಂದು ಪ್ರತಿ ಕಳಿಸಿದೆ. ಅವರು ಬರೆದರು: "ಓಬಳೇಶಪ್ಪನವರೇ, ಹೊರಗಿನ ವಸ್ತುವಿಗೆ ಒಳಗಿನ ಪದವನ್ನು ಎಷ್ಟು ಚೆನ್ನಾಗಿ ಹುಡುಕಿದ್ದೀರಿ. ನನ್ನ ಪುಸ್ತಕದಲ್ಲಿ ಈ ಬಳಕೆಯ ಕೆಳಗೆ ನಿಮ್ಮ ಹೆಸರು ಇರುತ್ತದೆ." ಆ ಕಾಗದವನ್ನು ನಾನು ಜೇಬಿನಲ್ಲಿಟ್ಟುಕೊಂಡು ಓಡಾಡಿದೆ. ಎಷ್ಟೋ ನಾಟಕದಲ್ಲಿ ಇನ್ಯಾರೋ ಬರೆದ ಮಾತನ್ನು ಕೂಗಿದವನು ನಾನು. ನನ್ನದು ಎಂದು ಅಚ್ಚಿನಲ್ಲಿ ಉಳಿಯುವ ಒಂದು ಪದ ಅದು.

ಈಗ ಬೆಂಡು ಎಂದರೇನು ಎಂದು ನಿನ್ನ ಹುಡುಗಿಯರಿಗೆ ಹೇಳಬೇಕು, ಇಲ್ಲದಿದ್ದರೆ ಮುಂದಿನದು ತಿಳಿಯುವುದಿಲ್ಲ. ಕತ್ತಾಳೆ ಹೂ ಬಿಟ್ಟು ಒಣಗಿದ ಮೇಲೆ ಉದ್ದನೆಯ ಕಂಬ ನಿಲ್ಲುತ್ತದಲ್ಲ, ಅದು ಹತ್ತಿಯಷ್ಟು ಹಗುರ. ಅಂಥ ಏಳು ಕಂಬ ಕಡಿದು, ಕತ್ತಾಳೆಯದೇ ನಾರಿನಿಂದ ಜೋಡಿಸಿ ಕಟ್ಟಿದರೆ ಹಿನ್ನೀರಿನವರ ಬೆಂಡು. ಅದರ ಮೇಲೆ ಮಲಗಿಯೇ ಬಲೆ ಬಿಡುತ್ತಾರೆ, ಬಲೆ ಎತ್ತುತ್ತಾರೆ. ಈಜು ಕಲಿಸಿದವರೇ ಬೆಂಡು ಕಟ್ಟಿಕೊಡಬೇಕು. ಕಲಿತವರನ್ನು ಕೈ ಮೇಲೆತ್ತಿ ನಿಲ್ಲಿಸಿ, ಹಿಮ್ಮಡಿಯಿಂದ ಬೆರಳ ತುದಿಯವರೆಗೆ ಹಗ್ಗ ಹಿಡಿದು ಅಳತೆ ತೆಗೆಯಬೇಕು. ಆ ಅಳತೆಯ ಬೆಂಡು ಅವರೊಬ್ಬರದೇ. ಗಂಡನ ಬೆಂಡನ್ನು ಹೆಂಡತಿ ಏರುವುದಿಲ್ಲ, ಅಣ್ಣನದನ್ನು ತಮ್ಮ ಏರುವುದಿಲ್ಲ. ಒಬ್ಬರ ಬೆಂಡಿನ ಮೇಲೆ ಇನ್ನೊಬ್ಬರು ಕಾಲಿಡುವುದು ಒಂದೇ ಸಲ. ಅವರು ಸತ್ತ ಮೂರನೆಯ ದಿನ, ಕಟ್ಟು ಬಿಚ್ಚುವುದಕ್ಕೆ.

ಇದು ನನಗೆ ಗೊತ್ತಿರಲಿಲ್ಲ.

ಡಿಸೆಂಬರಿನ ಆ ದಿನ ಹಿನ್ನೀರಿನ ದಂಡೆ ತುಂಬಿತ್ತು. ಕರಪತ್ರ ಓದಿದವರು, ಓದಿಸಿಕೊಂಡವರು, ಹೊಸದುರ್ಗದ ಕಡೆಯ ಹಟ್ಟಿಗಳಿಂದ ತಮ್ಮ ತಮ್ಮ ಬೆಂಡನ್ನು ತಲೆಯ ಮೇಲೆ ಹೊತ್ತು ಬಂದವರು. ಶಿಬಿರದ ಅಧಿಕಾರಿ ಚೇತನ್‌ಕುಮಾರ್ ಬೆಂಗಳೂರಿನವರು, ಇನ್ನೂ ಮೂವತ್ತು ದಾಟದವರು. ಅಷ್ಟೊಂದು ಬೆಂಡು ನೋಡಿ "ಇದೆಲ್ಲ ಯಾಕೆ ತಂದಿದ್ದಾರೆ?" ಎಂದು ನನ್ನನ್ನೇ ಕೇಳಿದರು. ನಾನು ಮೈಕ್ ಹಿಡಿದಿದ್ದೆ. ಅಟ್ಟದ ಮೇಲೆ ಏಕಾಂತಮ್ಮ ಮೇಡಂ ಅತಿಥಿಯಾಗಿ ಕೂತಿದ್ದರು, ತೊಡೆಯ ಮೇಲೆ ಅವರ ಪದಗಳ ನೋಟ್‌ಬುಕ್ಕು. ಜೀಪಿನಿಂದ ಬಿಳಿಯ ಫೈಬರ್ ಬೋರ್ಡು ಇಳಿಯಿತು. ಇದ್ದದ್ದು ಅದೊಂದೇ. "ನೋಡಿರಿ ಮಹಾಜನಗಳೇ, ಕಡಲಿನಿಂದ ಬಂದ ಬೆಂಡು" ಎಂದು ಕೂಗಿದೆ. ನನ್ನ ಕೂಗು ಆಚೆ ಗುಡ್ಡಕ್ಕೆ ಬಡಿದು ಬಂತು. ಆಹಾ ಎಂದುಕೊಂಡೆ.

ನಿನಗೆ ಆಗ ಹದಿನೈದು. ಏಳನೇ ಕ್ಲಾಸಿಗೆ ಶಾಲೆ ನಿಂತು ಎರಡು ವರ್ಷವಾಗಿತ್ತು. ಹೈಸ್ಕೂಲಿಗೆ ಹೋಗಲು ಹಟ್ಟಿಯಿಂದ ಬಸ್ಸಿರಲಿಲ್ಲ. ಕರಪತ್ರದಲ್ಲಿ "ಜೊತೆಗೆ ಓದು" ಎಂಬ ಎರಡು ಪದದ ಮೇಲೆ ನೀನು ಬೆರಳಿಟ್ಟು, "ಇದು ನಿಜಾನಾ ಮೇಷ್ಟ್ರೇ?" ಎಂದು ಕೇಳಿದ್ದು ನೆನಪಿದೆ. ನಿಮ್ಮವ್ವ ನಿಂಗಕ್ಕ ಆ ದಿನ ನಿನಗೆ ಎರಡು ಜಡೆ ಬಿಗಿಯಾಗಿ ಹೆಣೆದಿದ್ದಳು.

ಮೊದಲು ಚಿತ್ರದುರ್ಗದ ಶಾಲಿನಿ ಬೋರ್ಡಿನ ಮೇಲೆ ಹೋಗಿ ಬಂದಳು. ಚೆನ್ನಾಗಿಯೇ ಹೋದಳು. ಎರಡನೆಯ ಹೆಸರು ನಿನ್ನದು. ನೀನು ಸೊಂಟದ ನೀರಿನವರೆಗೆ ಹೋದೆ, ಬೋರ್ಡಿನ ಮೇಲೆ ಶಾಲಿನಿಯ ಒದ್ದೆ ಹೆಜ್ಜೆ ನೋಡಿದೆ, ಅಲ್ಲೇ ನಿಂತೆ.

"ಹತ್ತಮ್ಮ" ಅಂದರು ಚೇತನ್‌ಕುಮಾರ್.

ನೀನು ಹತ್ತಲಿಲ್ಲ. ನಿನಗೆ ಹೆದರಿಕೆ ಎಂದು ನಾನು ಭಾವಿಸಿದೆ. ಮೈಕಿನಲ್ಲಿ ಎದೆ ತುಂಬಿ, "ಏರು ಮಗಳೇ, ಹಿನ್ನೀರಿನ ಹುಲಿಯೇ ಏರು" ಎಂದು ಅಬ್ಬರಿಸಿದೆ. ಜನ ಚಪ್ಪಾಳೆ ಹೊಡೆದರು. ನೀನು ತಲೆ ತಗ್ಗಿಸಿದೆ. ಕೆಂಚಣ್ಣ ದಂಡೆಯಿಂದ, "ಹತ್ತಲೇ, ಜನ ನೋಡ್ತಾವ್ರೆ" ಎಂದು ಗದರಿದ. ಆಗ ನೀನು ಹೇಳಿದ್ದು ದಂಡೆಯ ಹತ್ತಿರ ನಿಂತ ನಾಲ್ಕೈದು ಜನಕ್ಕೆ ಮಾತ್ರ ಕೇಳಿಸಿತು.

"ಆ ಅಕ್ಕ ಬದುಕವಳೆ. ನಾನೆಂಗೆ ಹತ್ಲಿ?"

ಶಾಲಿನಿ ಟವೆಲು ಸುತ್ತಿಕೊಂಡು ನಿಂತಿದ್ದವಳು ನಕ್ಕಳು. "ನಂಗೇನೂ ಆಗಲ್ಲ, ಹತ್ತು."

"ಆಗಲ್ಲ ಅಂತ ನಿಮಗೆಂಗೆ ಗೊತ್ತಕ್ಕ?"

ಚೇತನ್‌ಕುಮಾರ್ ಕೆಟ್ಟವರಲ್ಲ ರಮ್ಯಾ. ಅವರ ಮುಂದೆ ಇಪ್ಪತ್ತೆಂಟು ಹುಡುಗಿಯರ ಪಟ್ಟಿ ಇತ್ತು, ಬಿಸಿಲು ಏರುತ್ತಿತ್ತು. ನಿನ್ನ ಸ್ವಂತ ಬೆಂಡಿನ ಮೇಲೆ ಪರೀಕ್ಷೆ ಮಾಡಿ ಎಂದು ಕೆಂಚಣ್ಣ ಕೇಳಿದ್ದಕ್ಕೆ, "ಎಲ್ಲರಿಗೂ ಒಂದೇ ಬೋರ್ಡಲ್ಲಿ ಮಾಡಬೇಕು ಯಜಮಾನರೇ, ಇಲ್ಲಾಂದ್ರೆ ಉಳಿದವರಿಗೆ ಅನ್ಯಾಯ ಆಗುತ್ತೆ" ಅಂದರು. ನಿಜವೇ. ನಿನ್ನ ಕಡೆ ತಿರುಗಿ, "ಐದು ನಿಮಿಷ ಕೊಡ್ತೀನಿ. ಆಮೇಲೆ ಮುಂದಿನವರ ಹೆಸರು ಕರೀತೀನಿ" ಅಂದರು. ಕೈಗಡಿಯಾರ ನೋಡಿಕೊಂಡರು.

ನಾನು ಮೈಕ್ ಕೆಳಗಿಟ್ಟು ಬೊಮ್ಮಕ್ಕನ ಹತ್ತಿರ ಓಡಿದೆ. ಅವಳು ಕಲ್ಲಿನ ಮೇಲೆ ಎಲೆ ಅಡಿಕೆ ಹಾಕಿಕೊಂಡು ಕೂತಿದ್ದಳು. ಏನಿದು, ಮೊಮ್ಮಗಳಿಗೆ ಹೇಳು ಎಂದೆ. ಆಗ ಅವಳು ಅಳತೆಯ ವಿಷಯ, ಮೂರನೆಯ ದಿನದ ವಿಷಯ, ಎಲ್ಲ ಹೇಳಿದಳು. ಅವಸರವೇ ಇಲ್ಲದೆ ಹೇಳಿದಳು. ಕೊನೆಗೆ ಕೆಂಪಗೆ ಉಗುಳಿ, "ಏ ಓಬಳೇಶಿ, ಆ ಬಿಳೇ ಮೀನಿನಂಥದ್ಕೆ ಬೆಂಡು ಅಂತ ಹೆಸರಿಟ್ಟೋನು ಯಾರು?" ಅಂದಳು.

"ನಾನೇ."

"ಮತ್ತೆ ಹುಡುಗಿಗ್ಯಾಕೆ ಬೈತೀರಿ? ನೀನು ಬೆಂಡು ಅಂದೆ, ಅವಳು ಬೆಂಡಿನ ಕಟ್ಟಳೆಯಂಗೇ ನಡ್ಕಂತಾಳೆ. ಕಟ್ಟಿದೋನು ನೀನು, ನೀನೇ ಬಿಚ್ಚು."

ಅಟ್ಟಕ್ಕೆ ಹಿಂತಿರುಗುವ ಆ ನಲವತ್ತು ಹೆಜ್ಜೆ ನನ್ನ ಆಯುಷ್ಯದಲ್ಲಿ ಅತ್ಯಂತ ಉದ್ದದ್ದು. ಜೇಬಿನಲ್ಲಿ ಏಕಾಂತಮ್ಮ ಮೇಡಂ ಕಾಗದ ಇತ್ತು. ನೋಟ್‌ಬುಕ್ಕು ತೊಡೆಯ ಮೇಲಿಟ್ಟುಕೊಂಡು ಅವರು ಎದುರಿಗೇ ಇದ್ದರು. ಮಾತು ಮರೆತರೂ ಮರೆತೆ ಎಂದು ತೋರಿಸಿಕೊಳ್ಳದೆ ಇನ್ನೊಂದು ಮಾತು ಹೊಂದಿಸಿ ಅಬ್ಬರಿಸಿಕೊಂಡು ಬಂದವನು ನಾನು. ರಂಗದ ಮೇಲೆ ಆಡಿದ ಮಾತನ್ನು ವಾಪಸ್ಸು ತೆಗೆದುಕೊಂಡ ಅಭ್ಯಾಸ ಇರಲಿಲ್ಲ. ಸುಮ್ಮನಿದ್ದರೆ ಏನಾಗುತ್ತಿತ್ತು ಎಂದು ಒಂದು ಗಳಿಗೆ ಲೆಕ್ಕ ಹಾಕಿದೆ, ಸುಳ್ಳು ಹೇಳುವುದಿಲ್ಲ. ಹುಡುಗಿ ಹೆದರಿದಳು ಎನ್ನುತ್ತಾರೆ, ಮುಂದಿನ ಹೆಸರು ಕೂಗುತ್ತಾರೆ, ನನ್ನ ಪದ ಪುಸ್ತಕಕ್ಕೆ ಹೋಗುತ್ತದೆ. ಅಷ್ಟರಲ್ಲಿ ನೀರಿನ ಕಡೆ ನೋಡಿದೆ. ನೀನು ಹೊರಗೆ ಬಂದಿರಲಿಲ್ಲ. ಹತ್ತಲೂ ಇಲ್ಲ, ಹಿಂದಕ್ಕೆ ಬರಲೂ ಇಲ್ಲ. ಒಂದು ಕೈಯಿಂದ ಜಡೆ ಹಿಡಿದುಕೊಂಡು ಸೊಂಟದ ನೀರಿನಲ್ಲಿ ನಿಂತೇ ಇದ್ದೆ.

ಮೈಕ್ ತೆಗೆದುಕೊಂಡೆ. ನನ್ನ ದನಿ ಅಷ್ಟು ಸಣ್ಣದಾಗಿ ಯಾವ ಮೈಕಿನಲ್ಲೂ ಬಂದಿರಲಿಲ್ಲ.

"ಹಿನ್ನೀರಿನ ಜನಗಳೇ, ಕೇಳ್ರಿ. ಈ ಬಿಳೀದಕ್ಕೆ ಬೆಂಡು ಅಂತ ಹೆಸರಿಟ್ಟೋನು ಹಿರಿಯೂರಿನ ಓಬಳೇಶಪ್ಪ. ನಾನೇ. ಅರ್ಧ ಕೇಳಿಸ್ಕಂಡು ಓಡಿಹೋಗಿ ಅಚ್ಚು ಹಾಕಿದೆ. ನಂದು ತಪ್ಪು. ಇದನ್ನ ಯಾರ ಅಳತೆಗೂ ಮಾಡಿಲ್ಲ. ಯಾರಿಗೂ ಕಟ್ಟಿಕೊಟ್ಟಿಲ್ಲ. ಇದು ಬೆಂಡಲ್ಲ, ಹಲಗೆ. ಸ್ಕೂಲಿನಾಗೆ ಕುಂತ್ಕಳಾ ಹಲಗೆ ಹೆಂಗೋ ಹಂಗೆ. ಒಬ್ರು ಎದ್ರೆ ಇನ್ನೊಬ್ರು ಕುಂತ್ಕಬೌದು. ಎದ್ದೋರಿಗೇನೂ ಆಗಲ್ಲ."

ಗುಂಪಿನಲ್ಲಿ ಯಾವನೋ, "ಹಂಗಾದ್ರೆ ಚೀಟಿನಾಗೆ ಸುಳ್ಳು ಬರ್ದಿದ್ದೇನಪ್ಪ?" ಎಂದು ಕೂಗಿದ. "ಹೂಂ ಕಣಪ್ಪ, ಸುಳ್ಳು ಬರ್ದಿದ್ದೆ" ಅಂದೆ. ಎಲ್ಲ ನಕ್ಕರು. ನಗಲಿ ಎಂದುಕೊಂಡೆ. ಇನ್ನೊಬ್ಬ, "ರಾಕ್ಷಸ ಸೋತ" ಎಂದ. ಅದಕ್ಕೂ ನಕ್ಕರು.

ನೀನು ಬೊಮ್ಮಕ್ಕನ ಕಡೆ ನೋಡಿದೆ. ಅವಳು ಕಲ್ಲಿನ ಮೇಲಿಂದ, "ಹಲಗೇನೇ ಕಣೇ, ಹತ್ತು" ಅಂದಳು. ನೀನು ಬೊಗಸೆಯಲ್ಲಿ ನೀರು ಎತ್ತಿ ಹಲಗೆಯ ಮೇಲೆ ಹಾಕಿ ಶಾಲಿನಿಯ ಹೆಜ್ಜೆ ತೊಳೆದೆ. ಹತ್ತಿದೆ.

ಮುಂದಿನದು ನಿನಗೆ ಗೊತ್ತು, ಆದರೂ ಹೇಳುತ್ತೇನೆ. ನನಗೆ ಹೇಳುವ ಆಸೆ, ಹುಡುಗಿಯರಿಗೆ ಕೇಳುವ ಹಕ್ಕು. ಕತ್ತಾಳೆಯ ಕಂಬ ಪಾದವನ್ನು ಹಿಡಿದುಕೊಳ್ಳುತ್ತದೆ, ಫೈಬರ್ ಜಾರುತ್ತದೆ. ನೀನು ನಿಂತೆ, ಬಿದ್ದೆ. ಮತ್ತೆ ನಿಂತೆ, ಮತ್ತೆ ಬಿದ್ದೆ, ಈ ಸಲ ಮೂಗಿಗೆ ನೀರು ಹೋಗಿ ಕೆಮ್ಮಿದೆ. ಚೇತನ್‌ಕುಮಾರ್ ಪಟ್ಟಿಯಲ್ಲಿ ಏನೋ ಗೀಚಿದರು. ಮೂರನೆಯ ಸಲ ನೀನು ನಿಲ್ಲುವ ಅವಸರ ಮಾಡಲಿಲ್ಲ. ಬೋರಲು ಮಲಗಿ, ಬಲೆ ಎತ್ತಲು ಹೋಗುವವಳ ಹಾಗೆ ಕೈಯಲ್ಲಿ ನೀರು ತಳ್ಳುತ್ತಾ ಪರೀಕ್ಷೆಯ ಗುರಿಗೆಂದು ತೇಲಿಬಿಟ್ಟಿದ್ದ ಕೆಂಪು ಪೀಪಾಯಿಯ ಕಡೆಗೆ ಅರ್ಧ ದೂರ ಹೋದೆ. ಅಲ್ಲಿ ಮೊಣಕಾಲು, ಅಲ್ಲಿಂದ ಪಾದ. ಎರಡೂ ಕೈ ಬಿಟ್ಟು ನೆಟ್ಟಗೆ ನಿಂತೆ. ಹಲಗೆ ಕಾಣುತ್ತಿರಲಿಲ್ಲ ರಮ್ಯಾ, ದಂಡೆಯಿಂದ ನೋಡುವವರಿಗೆ ಹುಡುಗಿಯೊಬ್ಬಳು ಬರಿ ನೀರಿನ ಮೇಲೆ ನಿಂತುಕೊಂಡು ಪೀಪಾಯಿ ದಾಟಿ ಹೋದ ಹಾಗಿತ್ತು. ನಿಮ್ಮವ್ವ ಸೆರಗು ಬಾಯಿಗೆ ಹಿಡಿದಳು. ನಾನು ಮೈಕ್ ಕೆಳಗಿಟ್ಟು ಚಪ್ಪಾಳೆ ಹೊಡೆದೆ.

ಮೂವರ ಪಟ್ಟಿಯಲ್ಲಿ ನಿನ್ನ ಹೆಸರು ಮೂರನೆಯದು. ಶಾಲಿನಿಯದು ಮೊದಲನೆಯದು, ಅದು ನ್ಯಾಯವೇ. ಮೂರನೆಯವಳಿಗೂ ಅದೇ ಹಾಸ್ಟೆಲು, ಅದೇ ಓದು.

ಇಷ್ಟು ವರ್ಷ ನಿನಗೆ ಹೇಳದ ಒಂದು ಮಾತಿದೆ. ಏಕಾಂತಮ್ಮ ಮೇಡಂ ಆ ದಿನ ನೋಟ್‌ಬುಕ್ಕು ತೆರೆದು, ಪೆನ್ನಿನಿಂದ ಅಡ್ಡಗೆರೆ ಎಳೆದದ್ದನ್ನು ನಾನು ನೋಡಿದೆ. ಅವರ ಪುಸ್ತಕ ೨೦೦೫ರಲ್ಲಿ ಬಂತು. ಅದರಲ್ಲಿ ನನ್ನ ಹೆಸರಿಲ್ಲ. ಕೊಂಡು ತಂದು, ಬ ಅಕ್ಷರದ ಪುಟಗಳನ್ನು ಎರಡು ಸಲ ತಿರುವಿ ಹಾಕಿದೆ. ಹೊಟ್ಟೆ ಸ್ವಲ್ಪ ಉರಿಯಿತು. ಅದೇ ವರ್ಷ ನೀನು ಪಿಯುಸಿ ಮಾರ್ಕ್ಸ್‌ಕಾರ್ಡಿನ ಜೆರಾಕ್ಸ್ ಕಳಿಸಿದೆ, "ಮೇಷ್ಟ್ರೇ, ಇದು ನಿಮಗೆ" ಎಂದು ಬರೆದು. ಅದನ್ನು ಆ ಪುಸ್ತಕದ ಬ ಅಕ್ಷರದ ಪುಟಗಳ ನಡುವೆ ಮಡಚಿ ಇಟ್ಟೆ. ಈಗಲೂ ಯಾರಾದರೂ ಮನೆಗೆ ಬಂದರೆ ಪುಸ್ತಕ ತೆಗೆದು ತೋರಿಸುತ್ತೇನೆ. ನೋಡಿದವರು ಪುಸ್ತಕದಲ್ಲಿ ನಾನಿದ್ದೇನೆ ಎಂದುಕೊಳ್ಳುತ್ತಾರೆ. ಅಲ್ಲ ಎಂದು ಹೇಳುವುದಕ್ಕೆ ನನಗೆ ಪುರುಸೊತ್ತಾಗುವುದಿಲ್ಲ, ನಿನ್ನ ಕಥೆ ಹೇಳಲು ಶುರು ಮಾಡಿರುತ್ತೇನೆ.

ಸರಿ, ಬರೆದುಕೋ. ಸರ್ಫ್‌ಬೋರ್ಡಿಗೆ ಹಲಗೆ ಎಂದು ಬರೆ, ಬೇಕಾದರೆ ಅಲೆಹಲಗೆ. ಅರ್ಥ: ಒಬ್ಬರು ಇಳಿದರೆ ಇನ್ನೊಬ್ಬರು ಏರಬಹುದಾದದ್ದು. ಬಳಕೆ: ಶಾಲಿನಿ ಇಳಿದ ಹಲಗೆಯನ್ನು ರಮ್ಯಾ ಏರಿದಳು. ಸಪ್ಪೆ ಪದ ಎಂದು ಅಂದು ನಾನು ಬಿಟ್ಟಿದ್ದೆ. ಅದು ಯಾರನ್ನೂ ಬೇಡ ಎನ್ನುವುದಿಲ್ಲ, ಅದಕ್ಕೇ ಸಪ್ಪೆ ಎನಿಸಿತ್ತೋ ಏನೋ.

ಬೆಂಡು ಬೇರೆ ಬರೆ, ಬಿಡಬೇಡ. ಮದುವೆಯ ಬಾಸಿಂಗ ಮಾಡುವ ಹಗುರ ತಿರುಳು ಬೆಂಡು. ಗಾಳದ ದಾರಕ್ಕೆ ಕಟ್ಟಿ ತೇಲಿಸುವುದು ಬೆಂಡು. ಬತ್ತಾಸಿನ ಜೊತೆ ತಿನ್ನುವುದೂ ಬೆಂಡು. ದುಡಿದು ಸೊರಗಿದರೆ ಬೆಂಡಾದೆ ಎನ್ನುತ್ತೇವೆ. ಇವು ಎಲ್ಲರಿಗೂ ಗೊತ್ತು. ಕೊನೆಯಲ್ಲಿ ನಿಮ್ಮ ಹಿನ್ನೀರಿನದನ್ನು ಹಾಕು: ಈಜು ಕಲಿಸಿದವರು ಕಲಿತವರ ಅಳತೆಗೆ ಕಟ್ಟಿಕೊಡುವುದು, ಇನ್ನೊಬ್ಬರು ಏರದ್ದು. ಅದರ ಕೆಳಗೆ ಹೆಸರು ಹಾಕುವುದಿದ್ದರೆ ಬೊಮ್ಮಕ್ಕನದು ಹಾಕು. ನನ್ನದು ಬೇಡ. ಇದನ್ನು ದೊಡ್ಡತನಕ್ಕೆ ಹೇಳುತ್ತಿಲ್ಲ. ನಾನು ಕೇಳಿದವನು, ಅವಳು ಕಟ್ಟಿದವಳು.

ನಿನ್ನ ಕೈಯಲ್ಲಿ ಈಜು ಕಲಿತ ಹುಡುಗಿಯರ ಲೆಕ್ಕ ಈಗ ಅರುವತ್ತು ದಾಟಿದೆಯೆಂದು ಕೆಂಚಣ್ಣ ಹೇಳಿದಾಗ, ಸಂತೆಯಲ್ಲಿ ಟೊಮೆಟೊ ಮಾರುವವಳಿಗೂ ಕೇಳಿಸುವ ಹಾಗೆ "ಅರುವತ್ತೇ" ಎಂದು ಕೂಗಿದೆ. ರಂಗದ ಮೇಲೆ ನಾನು ಗೆದ್ದ ಯಾವ ರಾಜ್ಯವೂ ನಾಟಕ ಮುಗಿದ ಮೇಲೆ ಉಳಿದಿಲ್ಲ. ಇದು ಉಳಿದಿದೆ.

ಸುಖವಾಗಿರು ತಾಯಿ. ನಿನ್ನ ಹುಡುಗಿಯರನ್ನು ನೀರು ಎತ್ತಿ ಹಿಡಿಯಲಿ, ಬಿದ್ದವರು ಕೆಮ್ಮಿ ಏಳಲಿ, ಮೂರನೆಯ ಸಲಕ್ಕೆ ಅವಸರ ಮಾಡದಿರಲಿ. ಅವರ ಪದಪಟ್ಟಿ ಅಚ್ಚಾದಾಗ ಒಂದು ಪ್ರತಿ ಬೊಮ್ಮಕ್ಕನಿಗೆ, ಒಂದು ನನಗೆ.

ನನಗೆ ಈಗ ಅರವತ್ತಾರು. ಜಗತ್ತಿಗೆಲ್ಲ ಬೆಂಡಿನ ಅರ್ಥ ಹೇಳುವ ನಾನು ಮೊಣಕಾಲಿಗಿಂತ ಆಳದ ನೀರಿಗೆ ಇಳಿದವನಲ್ಲ, ನನಗೆ ಈಜು ಬರುವುದಿಲ್ಲ. ಹೋದ ವಾರ ಬೊಮ್ಮಕ್ಕನನ್ನು ಕೇಳಿ ಕಳಿಸಿದೆ, ಈ ವಯಸ್ಸಿನಲ್ಲಿ ಕಲಿಸುತ್ತೀಯಾ ಎಂದು. "ಕಲಿಸ್ತೀನಿ ಅನ್ನು. ಅವನ ಹೊಟ್ಟೆ ಹೊರಾಕೆ ಹದಿನಾಲ್ಕು ಕಂಬ ಬೇಕಾಗ್ತಾವೆ, ಧರ್ಮಪುರದ ಕಡೆಯಿಂದ ತರಿಸ್ತೀನಿ, ದಿಗಿಲು ಬೀಳಬ್ಯಾಡ ಅನ್ನು" ಎಂದು ಕೆಂಚಣ್ಣನ ಕೈಲಿ ಹೇಳಿ ಕಳಿಸಿದ್ದಾಳೆ. ಆದ್ದರಿಂದ ನಾಳೆ ಬೆಳಿಗ್ಗೆ ಮೊದಲ ಬಸ್ಸಿಗೆ ನಿಮ್ಮ ಹಟ್ಟಿಗೆ ಹೊರಡುತ್ತೇನೆ. ಈ ಸಲ ಕೂತು ಕಾಫಿ ಕುಡಿಯುತ್ತೇನೆ, ಆಮೇಲೆ ಅಂಗಿ ಬಿಚ್ಚಿಟ್ಟು ನಿಮ್ಮಜ್ಜಿಯ ಹಿಂದೆ ನೀರಿಗೆ ಇಳಿಯುತ್ತೇನೆ.

ನಿನ್ನ ಹೆಸರು ಹೇಳಿಕೊಂಡು ಎದೆ ಉಬ್ಬಿಸಿ ತಿರುಗುವ,
ಓಬಳೇಶಪ್ಪ ಮೇಷ್ಟ್ರು